ಓಣಿ ದಾಟಿದ ವೈರು

ಅಕ್ಕನ ಗಿರಣಿಯ ಹೊಸ್ತಿಲು ದಾಟುವ ಮೊದಲೇ ನಾನು ಸೆರಗನ್ನು ಮೂಗಿಗೆ ಒತ್ತಿ ಹಿಡಿದೆ. ಕೆಮ್ಮಿಗೆ ತಯಾರಾಗಿದ್ದೆ. ಕೆಮ್ಮು ಬರಲಿಲ್ಲ. ಬಿಸಿ ಜೋಳದ ಹಿಟ್ಟಿನ ವಾಸನೆ, ಮೋಟರಿನ ಕಾದ ಪಟ್ಟಾದ ರಬ್ಬರಿನ ವಾಸನೆ, ಗೋಣಿಚೀಲದ ಮುಗ್ಗು, ಇಷ್ಟೇ. ಖಾರದ ಘಾಟು ಇರಲಿಲ್ಲ. ಖಾರ ಕುಟ್ಟುವ ಯಂತ್ರ ಅಲ್ಲಿಂದ ಹೋಗಿ ವರ್ಷಗಳಾದವು. ಅದನ್ನು ಟ್ರ್ಯಾಕ್ಟರಿಗೆ ಏರಿಸುವಾಗ ನಾನೂ ಒಂದು ಬದಿ ಹಿಡಿದಿದ್ದೆ. ಆದರೂ ಪ್ರತಿ ಸಲ ಬಂದಾಗ ಗಂಟಲು ಮಾತ್ರ ಅದನ್ನು ಮರೆತು, ಬಿಗಿದುಕೊಂಡು ಕಾಯುತ್ತದೆ.

"ಮೂಗ ಯಾಕ ಹಿಡಕೊಂಡಿ ಬೇ? ನಾವೇನ ನಾರತೇವೇನು?" ಎಂದಳು ಅಕ್ಕ, ಗಿರಣಿಯ ಬಾಯಿಗೆ ಜೋಳ ಸುರಿಯುತ್ತ.

"ಚಟ," ಎಂದೆ.

"ಧಾರವಾಡದಾಗ ಬಸ್ಸಿನ ಹೊಗಿ ಕುಡಿಯೋರಿಗೆ ಇಲ್ಲಿ ಹಿಟ್ಟ ಕಂಡ್ರ ಚಟ."

ನೆನಪಿನ ಬರಹಕ್ಕೆ ಒಂದು ವಾಸನೆ ಬೇಕಂತೆ. ನನ್ನ ಪಾಲಿಗೆ ಬಂದದ್ದು ಇಲ್ಲದ ವಾಸನೆ. ಆ ಒಂದು ಮಳೆಗಾಲದ ಬಗ್ಗೆ ನಾನು ಆಣೆ ಮಾಡಿ ಹೇಳಬಹುದಾದದ್ದು ಬಹಳ ಕಡಿಮೆ. ಅದರಲ್ಲಿ ಇದೂ ಒಂದು: ಆಗ ಈ ಕೋಣೆಯಲ್ಲಿ ಎರಡು ಯಂತ್ರಗಳಿದ್ದವು.

ಅಕ್ಕ ಅಂದರೆ ಗಿರಿಜಕ್ಕ. ಊರು ನವಲಗುಂದ ತಾಲೂಕಿನಲ್ಲಿ, ಯಮನೂರಿನಿಂದ ಮುಂದೆ, ಹಳ್ಳದ ದಂಡೆಗೆ. ಭಾವ ಹೋದ ಮೇಲೆ ಗಿರಣಿಯನ್ನು ಅವಳೇ ನಡೆಸುತ್ತ ಬಂದಿದ್ದಾಳೆ. ಕರೆಂಟಿನ ಮೀಟರು ಅವಳ ಹೆಸರಿಗೇ ಇದೆ. ಮುಂದಿನ ಕೋಣೆ ಗಿರಣಿ, ಹಿಂದಿನ ಎರಡು ಕೋಣೆ ಮನೆ. ಅವಳಿಗೆ ಹೊಲವಿಲ್ಲ, ಬೇರೆ ದುಡಿಮೆಯಿಲ್ಲ. ಪಟ್ಟಾ ತಿರುಗಿದರೇ ಒಲೆ ಉರಿಯುವುದು. ಎದುರಿಗೆ ಒಂದು ಗಾಡಿ ಹಾಯುವಷ್ಟು ಓಣಿ, ಓಣಿಯ ಆಚೆ ಮಾಬೂಬಿಯ ಮನೆ. ಮಾಬೂಬಿ ಜಮಖಾನ ನೇಯುವವಳು. ಒಳಕೋಣೆಯಲ್ಲಿ ಗೋಡೆಯೆತ್ತರಕ್ಕೆ ನಿಂತ ಮಗ್ಗದ ಮುಂದೆ ಕೂತು ನವಲಗುಂದದ ಒಬ್ಬ ವ್ಯಾಪಾರಿಗೆ ನೇಯ್ದು ಕೊಡುತ್ತಿದ್ದಳು. ಅವಳ ಗಂಡ ಅಳ್ನಾವರದ ಕಡೆ ಕಟ್ಟಿಗೆ ಅಡ್ಡೆಯಲ್ಲಿ ಕೆಲಸಕ್ಕಿದ್ದು, ತಿಂಗಳಿಗೊಮ್ಮೆ ಬಂದು ಹೋಗುವವನು. ಅಕ್ಕ ಮತ್ತು ಮಾಬೂಬಿ ಓಣಿಯ ಎರಡು ಬದಿಗಳಲ್ಲಿ ನಿಂತುಕೊಂಡೇ ದಿನದ ಅರ್ಧ ಮಾತು ಮುಗಿಸುತ್ತಿದ್ದರು. ಗಿರಣಿಯ ಸದ್ದಿನ ಮೇಲೆ ಕೇಳಬೇಕಾದ್ದರಿಂದ ಇಬ್ಬರ ದನಿಯೂ ದೊಡ್ಡದಾಗಿ ಬೆಳೆದಿತ್ತು.

ಆ ವರ್ಷ ಹುಬ್ಬಳ್ಳಿಯಲ್ಲಿ ನಾನು ಕರಡು ತಿದ್ದುತ್ತಿದ್ದ ಮುದ್ರಣಾಲಯ ಬಾಗಿಲು ಹಾಕಿತು. ಬೇರೆ ಕೆಲಸ ಸಿಗುವ ತನಕ ಎಂದು ಬಟ್ಟೆಯ ಚೀಲ ತೆಗೆದುಕೊಂಡು ಅಕ್ಕನ ಮನೆಗೆ ಬಂದೆ. ಬಸ್ಸಿಳಿದು ಕರಿ ಕೆಸರಿನಲ್ಲಿ ಚಪ್ಪಲಿ ಕೀಳುತ್ತ ಓಣಿಗೆ ತಿರುಗಿದಾಗ, ತಲೆಯ ಮೇಲೆ, ಈ ಮನೆಯಿಂದ ಆ ಮನೆಗೆ ಕಟ್ಟಿದ್ದ ಯಾವುದೋ ಒಂದರ ಮೇಲೆ ಕೆಂಪು ಬಟ್ಟೆ ತೂಗುತ್ತಿತ್ತು. ಅದರಿಂದ ಒಂದು ಹನಿ ನನ್ನ ಕತ್ತಿನ ಹಿಂದೆ ಬಿತ್ತು. ಇದನ್ನು ಆಮೇಲೆ ಎಷ್ಟು ಸಲ ಹೇಳಬೇಕಾಯಿತೆಂದರೆ, ಈಗ ಹೇಳುವಾಗ ಯಾರೋ ಬರೆದುಕೊಟ್ಟದ್ದನ್ನು ಓದಿದ ಹಾಗಿರುತ್ತದೆ. ಹನಿ ತಣ್ಣಗಿತ್ತು ಎಂದು ಒಮ್ಮೊಮ್ಮೆ ಸೇರಿಸುತ್ತೇನೆ. ತಣ್ಣಗಿತ್ತೋ ಇಲ್ಲವೋ ಗೊತ್ತಿಲ್ಲ.

ಆಮೇಲೆ ಮಳೆ ಹಿಡಿಯಿತು. ಆ ಕಡೆಯ ಮಳೆಗೆ ಆರ್ಭಟವಿಲ್ಲ. ಬೂದು ಬಣ್ಣದ ಜಿಟಿಜಿಟಿ ಹನಿ, ಹಗಲು ಯಾವುದು ಸಂಜೆ ಯಾವುದು ತಿಳಿಯದ ಬೆಳಕು. ಹೊಲದಲ್ಲಿ ಹೆಸರು ಕಾಯಿಯೊಳಗೇ ಮೊಳಕೆಯೊಡೆಯಿತು. ಮಣ್ಣಿನ ಮಾಳಿಗೆಗಳು ಸೋರಿದವು. ಗಿರಣಿಗೆ ಬಂದ ಜೋಳ ತೇವ ಹಿಡಿದು ಕಲ್ಲಿಗೆ ಮೆತ್ತಿಕೊಳ್ಳುತ್ತಿತ್ತು. ಅಕ್ಕ ದಿನಕ್ಕೊಮ್ಮೆ ಕಲ್ಲು ಬಿಚ್ಚಿ ಕೆರೆಯುತ್ತ, ಮಳೆಯನ್ನು ಹೆಸರಿಟ್ಟು ಬೈಯುತ್ತಿದ್ದಳು. ಹೀಗಿರುವಾಗ ಒಂದು ಮಧ್ಯಾಹ್ನ, ಒದ್ದೆ ಚೀಲವನ್ನು ಎತ್ತರದಿಂದ ಕೆಡವಿದಂತೆ ಸದ್ದಾಯಿತು. ಮಾಬೂಬಿಯ ಮನೆಯ ಬೀದಿಗೋಡೆ ಕೂತುಬಿಟ್ಟಿತ್ತು. ಬೀಳಲಿಲ್ಲ, ಕೂತಿತು. ಮುದುಕಿಯೊಬ್ಬಳು ಸುಸ್ತಾಗಿ ಕೂರುವ ಹಾಗೆ. ಯಾರಿಗೂ ಪೆಟ್ಟಾಗಲಿಲ್ಲ. ಆದರೆ ಮೀಟರಿದ್ದದ್ದು ಆ ಗೋಡೆಯ ಮೇಲೆ.

ಲೈನ್‌ಮನ್ ಬಂದು ಕಂಬದಿಂದಲೇ ಅವಳ ವೈರು ಕತ್ತರಿಸಿದ. "ಗ್ವಾಡಿ ಕಟ್ಟಿಸಿ ಹೇಳಿಕಳಸ್ರಿ, ಮೀಟರ ಹಾಕ್ತೇವಿ" ಎಂದು ಹೋದ. ಅವನು ಹೇಳಿದ್ದರಲ್ಲಿ ತಪ್ಪಿಲ್ಲ. ಆದರೆ ಮಳೆಯಲ್ಲಿ ಮಣ್ಣಿನ ಗೋಡೆ ಕಟ್ಟುವುದು ಹೇಗೆ? ಬಿದ್ದ ಕಡೆ ತಾಡಪತ್ರಿ ಕಟ್ಟಿದ ಮೇಲೆ ಒಳಕೋಣೆ ನಡುಮಧ್ಯಾಹ್ನವೂ ಕತ್ತಲಾಯಿತು. ಮಗ್ಗದ ಮೇಲೆ ವ್ಯಾಪಾರಿ ಕಾಯುತ್ತಿದ್ದ ಜಮಖಾನ ಅರ್ಧಕ್ಕೆ ನಿಂತಿತ್ತು. ಕತ್ತಲಲ್ಲಿ ನೀಲಿ ನೂಲಿಗೂ ಕಪ್ಪು ನೂಲಿಗೂ ವ್ಯತ್ಯಾಸ ಗೊತ್ತಾಗುವುದಿಲ್ಲ.

ಅಕ್ಕ ಗಿರಣಿಯ ಬೋರ್ಡಿಗೆ ಒಂದು ಪಿನ್ ಸಿಕ್ಕಿಸಿ, ವೈರನ್ನು ಓಣಿಯ ಮೇಲೆ ಹಾಯಿಸಿ ಮಾಬೂಬಿಯ ಕೈಗೆ ಕೊಟ್ಟಳು. ಮಾಬೂಬಿ ಕೇಳಿದಳೋ, ಅವಳು ಕೇಳುವ ಮೊದಲೇ ಅಕ್ಕ ಕೊಟ್ಟಳೋ ಎನ್ನುವುದರ ಬಗ್ಗೆ ಇಬ್ಬರೂ ಬೇರೆ ಬೇರೆ ಹೇಳುತ್ತಾರೆ. ಆ ಊರಿನಲ್ಲಿ ಇದು ಕೇಳಿ ಕೊಡುವ ವಸ್ತುವೇ ಆಗಿರಲಿಲ್ಲ. ಮದುವೆಯ ಹಂದರಕ್ಕೆ, ಸತ್ತವರ ಮನೆಯ ಅಂಗಳಕ್ಕೆ, ಬಾಣಂತಿಯ ಕೋಣೆಗೆ, ಯಾರ ಮನೆಯಲ್ಲಿ ಗಟ್ಟಿ ಕರೆಂಟು ಇದೆಯೋ ಅವರ ಮನೆಯಿಂದ ಒಂದು ವೈರು ಹೋಗುತ್ತಿತ್ತು. ಹೆಪ್ಪಿಗೆ ಮಜ್ಜಿಗೆ ಕೊಟ್ಟ ಹಾಗೆ. ದೀಪ ಹಚ್ಚಿದ ಮೇಲೆ ಹೆಪ್ಪು ಕೊಡಬಾರದು ಅನ್ನುತ್ತಾರೆ, ಕರೆಂಟು ಕೇಳಲು ಮಾತ್ರ ದೀಪ ಹಚ್ಚುವ ಹೊತ್ತಿಗೇ ಬರುತ್ತಿದ್ದರು. ವ್ಯತ್ಯಾಸ ಅಷ್ಟೇ.

ಕರೆಂಟು ಕಳವು ಹಿಡಿಯುವ ಕಂಪನಿಯ ಸ್ಕ್ವಾಡಿನವರ ಜೀಪು ಬಂದಾಗ ಅಕ್ಕ ಯಾರದೋ ಗೋಧಿ ಬೀಸುತ್ತಿದ್ದಳು. ಮೂವರಿದ್ದರು. ಒಬ್ಬ ಓಣಿಯ ನಡುವೆ ನಿಂತು ಮೇಲೆ ನೋಡಿ ಫೋಟೋ ಹೊಡೆದ.

"ಈ ವೈರ್ ಯಾರದ್ರಿ?"

"ನಂದ್ರಿ," ಎಂದಳು ಅಕ್ಕ, ಯಾರೋ ಎಮ್ಮೆ ಯಾರದೆಂದು ಕೇಳಿದ ಹಾಗೆ.

"ಎಲ್ಲಿಗೆ ಹೊಂಟೈತಿ?"

"ಮಾಬೂಬಿ ಮನಿಗ್ರಿ. ಪಾಪ, ಗ್ವಾಡಿ ಬಿದ್ದೈತ್ರಿ ಆಕೀದು."

"ಯಾವಾಗ ಕೊಟ್ಟೀರಿ?"

"ಗ್ವಾಡಿ ಬಿದ್ದಾಗ್ರಿ."

"ಗ್ವಾಡಿ ಯಾವಾಗ ಬಿತ್ತು?"

"ಮಳ್ಯಾಗ್ರಿ."

ಅವರು ಮಾಬೂಬಿಯ ಮನೆಯೊಳಗೆ ಹೋಗಿ ಕಂಡದ್ದನ್ನೆಲ್ಲ ಬರೆದುಕೊಂಡರು. ಬಲ್ಬು, ಫ್ಯಾನು, ಮಿಕ್ಸರ್, ಇಸ್ತ್ರಿ ಪೆಟ್ಟಿಗೆ, ಮೂಲೆಯಲ್ಲಿ ಬಟ್ಟೆ ಹೊದ್ದು ಕೂತ ಟಿವಿ.

"ಅದು ಹತ್ತೂದಿಲ್ರಿ," ಎಂದಳು ಮಾಬೂಬಿ. "ನಮ್ಮ ಅತ್ತಿ ಇದ್ದಾಗ ಕೆಟ್ಟೈತಿ."

"ಪಿನ್ ಐತಿಲ್ಲೋ?"

"ಪಿನ್ ಐತ್ರಿ."

ಟಿವಿಯನ್ನೂ ಬರೆದರು. ಪಂಚನಾಮೆಗೆ ಪಂಚರು ಬೇಕಾದಾಗ ಗಿರಣಿಯ ಕಟ್ಟೆಯ ಮೇಲೆ ಸದಾ ಕೂತಿರುವ ಬಸಪ್ಪ ಕಾಕಾ ಮುಂದೆ ಬಂದು, ಕನ್ನಡಕ ಹಾಕಿಕೊಂಡು, ದೊಡ್ಡದಾಗಿ ಸಹಿ ಮಾಡಿದ. ಹಿಂದೊಮ್ಮೆ ಪಂಚಾಯತಿ ಮೆಂಬರಾಗಿದ್ದವನು ಅವನು, ಸಹಿ ಮಾಡಲು ಸಿಕ್ಕ ಅವಕಾಶ ಬಿಟ್ಟವನಲ್ಲ. ಅಕ್ಕ ಮೂವರಿಗೂ ಚಹಾ ಮಾಡಿದಳು. ಅವರು ಕುಡಿದರು. ಹೋಗುವಾಗ ಒಬ್ಬ ವೈರನ್ನು ಸುರುಳಿ ಸುತ್ತಿ ಜೀಪಿನಲ್ಲಿ ಹಾಕಿಕೊಂಡ. ಅಷ್ಟು ಹೊತ್ತಿಗೂ ಅಕ್ಕನಿಗೆ ಇದು ದೊಡ್ಡದು ಎನ್ನಿಸಿರಲಿಲ್ಲ. "ಇನ್ನೊಂದ ವೈರ್ ಐತಿ ತಗೋ, ಹಳೇದು," ಎಂದು ಅವರೆದುರೇ ಮಾಬೂಬಿಗೆ ಹೇಳಲು ಹೊರಟಿದ್ದಳು. ನಾನು ಅವಳ ಮೊಣಕೈ ಜಗ್ಗಿದೆ. ಜಗ್ಗಿದ್ದು ನಾನೇ ಎಂದು ನನ್ನ ನೆನಪು. ಮಾಬೂಬಿ ಎಂದು ಅಕ್ಕನ ನೆನಪು.

ನೋಟಿಸು ಬಂತು. ಒಂದು ಕಟ್ಟಡಕ್ಕೆಂದು ಕೊಟ್ಟ ವಿದ್ಯುತ್ತನ್ನು ಇನ್ನೊಂದು ಕಟ್ಟಡಕ್ಕೆ ಕೊಂಡೊಯ್ದದ್ದು ಅನಧಿಕೃತ ಬಳಕೆ. ಎಂದಿನಿಂದ ಎಂಬುದು ತಿಳಿದುಬಾರದ ಕಾರಣ ಹಿಂದಿನ ಒಂದು ವರ್ಷವೆಂದು ಭಾವಿಸಲಾಗಿದೆ. ದರ ದುಪ್ಪಟ್ಟು. ಮಾಬೂಬಿಯ ಮನೆಯ ಸಾಮಾನಿನ ಜೊತೆ ಗಿರಣಿಯ ಇಡೀ ಬಳಕೆಯನ್ನೂ ಲೆಕ್ಕಕ್ಕೆ ಹಿಡಿದಿದ್ದರು. ಆಕ್ಷೇಪಣೆ ಇದ್ದರೆ ವಾರದೊಳಗೆ ಸಲ್ಲಿಸಬೇಕು, ಇಲ್ಲವಾದರೆ ಕಟ್ಟಬೇಕು, ಕಟ್ಟದಿದ್ದರೆ ಕನೆಕ್ಷನ್ ಕಡಿತ. ಮೊತ್ತವನ್ನು ಇಲ್ಲಿ ಬರೆಯುವುದಿಲ್ಲ. ಎರಡೂ ಯಂತ್ರ ಮಾರಿದರೂ ಮುಟ್ಟುತ್ತಿರಲಿಲ್ಲ ಎಂದರೆ ಸಾಕು. ಅಕ್ಕ ನನ್ನಿಂದ ಎರಡು ಸಲ ಓದಿಸಿದಳು. ಮೂರನೆಯ ಸಲ ಕಾಗದವನ್ನು ತಾನೇ ಹಿಡಿದು, ಒಂದು ಮಾತಿನ ಮೇಲೆ ಬೆರಳಿಟ್ಟಳು.

"ಭಾವಿಸಲಾಗಿದೆ ಅಂದ್ರ? ಯಾರು ಭಾವಿಸ್ಯಾರ?"

"ಕಾಯ್ದೆ."

"ಅದಕ್ಕ ಏನ ಗೊತ್ತು ನಮ್ಮ ಓಣೀದು?"

ನವಲಗುಂದದಲ್ಲಿ ಪಾಟೀಲ ವಕೀಲರನ್ನು ಹಿಡಿದೆವು. ಕೋರ್ಟಿನ ಎದುರು, ಮಹಡಿಯ ಮೇಲೆ ಅವರ ಕೋಣೆ. ಅವರು ನೋಟಿಸು ಓದಿ, ಕನ್ನಡಕ ತೆಗೆದು ಕಣ್ಣು ತಿಕ್ಕಿಕೊಂಡರು. ಅವರು ದಣಿದಿದ್ದರು. ಆ ವರ್ಷ ನನಗೆ ಸಿಕ್ಕವರೆಲ್ಲ ದಣಿದವರೇ. ಅಥವಾ ನಾನೇ ದಣಿದಿದ್ದೆನೋ, ಎಲ್ಲರ ಮುಖಕ್ಕೂ ಅದನ್ನೇ ಹಚ್ಚಿದೆನೋ.

"ಅಕ್ಕಾರ, ವೈರ್ ಕೊಟ್ಟಿದ್ದ ಖರೇ. ಅದನ್ನ ಇಲ್ಲ ಅನ್ನಾಕ ಬರೂದಿಲ್ಲ. ನಮಗ ಉಳದಿದ್ದು ಒಂದ ದಾರಿ. ವರ್ಷ ಅಲ್ಲ, ಗ್ವಾಡಿ ಬಿದ್ದ ದಿನದಿಂದ ಅಷ್ಟ ಅಂತ ತೋರಸಬೇಕು. ಯಾವತ್ತ ಬಿತ್ತು?"

"ಪಂಚಮಿ ಮುಂದ್ರಿ. ಉಂಡಿ ಕಟ್ಟಾಕ ಶೇಂಗಾ ಹುರದಿದ್ದೆ."

"ಇಲ್ಲ ಬೇ, ಪಂಚಮಿ ಆಗಿತ್ತು," ಎಂದೆ ನಾನು.

"ನೆನಪ ಬ್ಯಾಡ್ರಿ," ಎಂದರು ವಕೀಲರು. "ತಾರೀಖ ಬೇಕು."

ತಾರೀಖು ತರುವ ಕೆಲಸ ನನ್ನ ಪಾಲಿಗೆ ಬಂತು. ನಿರುದ್ಯೋಗಿ, ಅಕ್ಷರ ದುಂಡು. ಗಿರಣಿಗೆ ಡಬ್ಬಿ ತಂದವರನ್ನೆಲ್ಲ ಕೇಳುತ್ತ ಹೋದೆ. ಮಾಬೂಬಿ, ಮೊಹರಂ ಮುಗಿದಿತ್ತು ಎಂದಳು. ಆ ವರ್ಷ ಮೊಹರಂ ಬಂದದ್ದು ಪಂಚಮಿ ಆದ ಮೇಲೆ, ಪಂಚಮಿಯ ಮುಂದೆ ಎನ್ನುವ ಅಕ್ಕನ ಮಾತಿಗೆ ಅದು ಕೂಡುತ್ತಿರಲಿಲ್ಲ. ಒಬ್ಬಾಕೆ, ತನ್ನ ಎಮ್ಮೆ ಈದ ಮರುದಿನ ಎಂದಳು. ಎಮ್ಮೆ ಎಂದು ಈಯಿತು ಎಂದರೆ, ಗೋಡೆ ಬಿದ್ದ ಹಿಂದಿನ ದಿನ. ಇನ್ನೊಬ್ಬಳಿಗೆ ಅಂದು ಬಸ್ಸು ಬಂದಿರಲಿಲ್ಲವೆಂದು ನೆನಪು. ಆ ಮಳೆಗಾಲದಲ್ಲಿ ಬಸ್ಸು ಬಂದ ದಿನಗಳನ್ನು ಎಣಿಸುವುದೇ ಸುಲಭವಿತ್ತು. ಮುದ್ರಣಾಲಯದಲ್ಲಿ ನಾನು ತಪ್ಪು ಹುಡುಕಿ ಗೆರೆ ಎಳೆಯುತ್ತಿದ್ದೆ, ಪಕ್ಕದಲ್ಲಿ ಸರಿಯಾದ್ದನ್ನು ಬರೆಯುತ್ತಿದ್ದೆ. ಇಲ್ಲಿ ಸರಿಯಾದ್ದು ಯಾವುದು? ಎಲ್ಲರೂ ನೆನಪಿಟ್ಟಿದ್ದರು. ಗೋಡೆಯನ್ನು ಯಾರೂ ಮರೆತಿರಲಿಲ್ಲ, ದಿನವನ್ನು ಮಾತ್ರ ಯಾರೂ ಇಟ್ಟುಕೊಂಡಿರಲಿಲ್ಲ. ಕೊನೆಗೆ ಮೂರು ಜನರ ಮಾತು ಹೆಚ್ಚುಕಡಿಮೆ ಕೂಡುವ ಒಂದು ಶುಕ್ರವಾರವನ್ನು ನಾನು ಆರಿಸಿದೆ. ಆಮೇಲೆ ಎಲ್ಲರಿಗೂ ಆ ಶುಕ್ರವಾರವೇ ನೆನಪಾಗತೊಡಗಿತು. ನನಗೂ ಈಗ ಅದು ಶುಕ್ರವಾರವೇ.

ವಕೀಲರಿಗೆ ಒಬ್ಬ ಸಾಕ್ಷಿ ಬೇಕಿತ್ತು. ಗೋಡೆ ಬೀಳುವ ಮೊದಲು ಓಣಿಯ ಮೇಲೆ ವೈರು ಇರಲಿಲ್ಲ ಎಂದು ಹೇಳುವವರು.

"ನೀವ ಹೇಳ್ರಿ," ಎಂದರು ನನಗೆ. "ಹೊರಗಿನಿಂದ ಬಂದವರು, ಕಲಿತವರು. ನೀವು ಊರಿಗೆ ಬಂದ ದಿನ ವೈರ್ ಇತ್ತೇನು?"

"ಏನೋ ಒಂದಿತ್ತು," ಎಂದೆ. "ಅದರ ಮೇಲೆ ಕೆಂಪು ಬಟ್ಟೆ ಇತ್ತು. ಹಗ್ಗಾನೋ ವೈರೋ ನೋಡಲಿಲ್ಲ."

ಅಕ್ಕನಿಗೆ ಸಿಟ್ಟು ಬಂತು. "ವೈರಿನ ಮ್ಯಾಲೆ ಯಾರರ ಅರಿವಿ ಒಣಾ ಹಾಕ್ತಾರೇನ ಬೇ? ತಲಿ ಕೆಟ್ಟೈತೇನು ನಿಂದು?"

"ಬಟ್ಟಿ ಬಿಡ್ರಿ," ಎಂದರು ವಕೀಲರು. ಸ್ವಲ್ಪ ಹೊತ್ತು ನನ್ನನ್ನು ನೋಡಿ, "ನಿಮ್ಮನ್ನ ಸಾಕ್ಷಿ ಮಾಡೂದ ಬ್ಯಾಡ. ಗಟ್ಟಿಸಿ ಹೇಳೂ ಮನಶಾರ ಬೇಕು," ಎಂದರು.

ಗಟ್ಟಿಸಿ ಹೇಳುವ ಮನುಷ್ಯ ಎಂದಾಗ ಎಲ್ಲರಿಗೂ ಹೊಳೆದದ್ದು ಬಸಪ್ಪ ಕಾಕಾ.

ಆದರೆ ಅದಕ್ಕೆ ಮೊದಲು ವಕೀಲರು ಇನ್ನೊಂದು ದಾರಿಯನ್ನು ಮೇಜಿನ ಮೇಲಿಟ್ಟರು. ಸುಲಭದ ದಾರಿ. ಗಿರಿಜಕ್ಕನಿಗೆ ಏನೂ ಗೊತ್ತಿಲ್ಲ, ಮಾಬೂಬಿಯೇ ಯಾರೂ ಇಲ್ಲದಾಗ ಬಂದು ಬೋರ್ಡಿಗೆ ವೈರು ಸಿಕ್ಕಿಸಿಕೊಂಡಳು ಎಂದು ಬರೆದುಕೊಟ್ಟರೆ ಗಿರಣಿ ಪಾರು.

"ಆಕಿ?" ಎಂದಳು ಅಕ್ಕ.

"ಆಕೀದು ಕಳವು ಆಗತೈತಿ. ಅದು ಬ್ಯಾರೆ ಕೇಸು."

ಅಕ್ಕ ನೋಟಿಸು ಮಡಚಿಕೊಂಡು ಎದ್ದಳು. ಈ ಮಾತು ಮಾಬೂಬಿಗೆ ಹೇಗೆ ಮುಟ್ಟಿತೋ ಗೊತ್ತಿಲ್ಲ. ಮರುದಿನ ಮುಂಜಾನೆ ಅವಳು ತಲೆಯ ಮೇಲೆ ಸೆರಗು ಹೊದ್ದು ಗಿರಣಿಯ ಬಾಗಿಲಲ್ಲಿ ನಿಂತಿದ್ದಳು.

"ಗಿರಿಜವ್ವಾ, ನಾ ಹೇಳತೇನಿ. ನಾನ ಹಾಕ್ಕೊಂಡೆ ಅಂತೀನಿ. ನನ್ನ ಏನ ಮಾಡ್ತಾರ? ಗ್ವಾಡಿ ಇಲ್ಲ, ಮೀಟರ ಇಲ್ಲ. ಕಡಿಯಾಕರ ಏನೈತಿ ನನ್ನ ಮನ್ಯಾಗ?"

ಅಕ್ಕ ಮೋಟರು ಚಾಲೂ ಮಾಡಿದಳು. ಬೀಸಲು ಅಲ್ಲಿ ಯಾರ ಜೋಳವೂ ಇರಲಿಲ್ಲ. ಖಾಲಿ ಕಲ್ಲು ತಿರುಗುವ ಸದ್ದಿನ ಮೇಲೆ ಕೂಗಿ ಹೇಳಿದಳು:

"ನನ್ನ ಬೋರ್ಡಿಗೆ ನಾನ ಪಿನ್ ಹಾಕೀನಿ. ನೀ ಬೋರ್ಡ್ ಮುಟ್ಟಿಲ್ಲ. ಕಳ್ಳಿ ಆಗಾಕ ಭಾಳ ಹುರುಪೇನು ನಿನಗ? ಹೋಗ, ಜಮಖಾನ ಮುಗಸು."

ಮಾಬೂಬಿ ಹೋದಳು. ಅಕ್ಕ ಮೋಟರು ಬಂದ್ ಮಾಡಲು ಮರೆತಳು, ನಾನು ಮಾಡಿದೆ.

ವಿಚಾರಣೆ ನವಲಗುಂದದ ಕರೆಂಟ್ ಆಫೀಸಿನಲ್ಲಿ. ದಂಡ ಹಾಕಿದ ಕಂಪನಿಯ ಸಾಹೇಬರೇ ಆಕ್ಷೇಪಣೆಯನ್ನೂ ಕೇಳುವವರು. ಇದು ಯಾವ ನ್ಯಾಯ ಎಂದು ನಾನು ವಕೀಲರ ಕಿವಿಯಲ್ಲಿ ಕೇಳಿದ್ದಕ್ಕೆ, "ಕಾಯ್ದೆನ ಹಂಗೈತಿ, ಸುಮ್ಮ ಕೂಡ್ರಿ" ಎಂದರು. ಸಾಹೇಬರು ಕೆಟ್ಟವರಾಗಿರಲಿಲ್ಲ. ಕುರ್ಚಿಯ ಬೆನ್ನಿಗೆ ಟವೆಲು, ಮೇಜಿನ ಮೇಲೆ ಊಟದ ಡಬ್ಬಿ, ಹೊರಗೆ ನಮ್ಮಂಥವರ ಸಾಲು. "ನೋಡ್ರಿ ಅಕ್ಕಾರ, ಈ ಕಾಯ್ದೆ ನಾ ಬರದಿಲ್ಲ" ಎಂದೇ ಶುರುಮಾಡಿದರು.

ಬಸಪ್ಪ ಕಾಕಾ ಇಸ್ತ್ರಿ ಮಾಡಿದ ಧೋತರ ಉಟ್ಟು ಬಂದಿದ್ದ. ಸಾಹೇಬರು ತಾರೀಖು ಕೇಳಿದರು, ಶುಕ್ರವಾರ ಎಂದ. ಗಟ್ಟಿಸಿ ಎಂದ.

"ಅದಕ್ಕಿಂತ ಮೊದಲ ಮಾಬೂಬಿ ಮನಿಗೆ ವೈರ್ ಇತ್ತೇನ್ರಿ ಅಜ್ಜಾರ?"

"ಛೇ, ಛೇ. ಇದ್ದಿದ್ದಿಲ್ರಿ. ಆಕೀ ಮೀಟರ ಆಕಿಗಿತ್ತು."

ವಕೀಲರು ಉಸಿರು ಬಿಟ್ಟರು. ಅಲ್ಲಿಗೆ ನಿಲ್ಲಬೇಕಿತ್ತು. ಆದರೆ ಕಾಕಾ ಸಾಹೇಬರ ಮುಂದೆ ಕೂತದ್ದು ಎಷ್ಟೋ ವರ್ಷಗಳ ಮೇಲೆ. ಗಿರಿಜಕ್ಕನ ಬಗ್ಗೆ ಒಂದು ಒಳ್ಳೆಯ ಮಾತು ಹೇಳದೆ ಏಳುವುದು ಅವನಿಗೆ ಸರಿ ಕಾಣಲಿಲ್ಲ.

"ಈಕೀ ಬಗ್ಗೆ ನಿಮಗ ಗೊತ್ತಿಲ್ರಿ ಸಾಹೇಬರ. ಬಂಗಾರದಂಥಾ ಹೆಣಮಗಳು. ಯಾರ ಬಂದ ಕೇಳಿದ್ರೂ ಕರೆಂಟ ಇಲ್ಲ ಅಂದಾಕೀ ಅಲ್ಲ. ಹ್ವಾದ ವರ್ಷ ನಮ್ಮ ಮೊಮ್ಮಗಳ ಮದವಿ ಆತು, ಹಂದರಕ್ಕ ಲೈಟ್ ಯಾರ ಕೊಟ್ರು? ಈಕಿನ. ಗಣಪತಿ ಕುಂದರಿಸಿದಾಗ ಈಕಿನ, ಮೊಹರಮ್ಮಿಗೂ ಈಕಿನ. ಕುಂಬಾರರ ಮನ್ಯಾಗ ಮುದುಕ ಸತ್ತಾಗ..."

"ಕಾಕಾ, ಸಾಕ ಮಾಡ್ರಿ," ಎಂದರು ವಕೀಲರು.

"ನೀವ ಸುಮ್ಕಿರ್ರಿ ವಕೀಲ್ರ. ಖರೇ ಹೇಳಾಕ ಬಂದೇನಿ. ಸಾಹೇಬರ, ಈಕೀ ಗಿರಣಿಯಿಂದ ವೈರ್ ಹೋಗದ ಮನಿ ನಮ್ಮ ಓಣ್ಯಾಗ ಒಂದೂ ಇಲ್ಲ, ಬರಕೋರಿ!"

ಸಾಹೇಬರು ಪೆನ್ನು ಹಿಡಿದು ಕಾಕಾನ ಮುಖವನ್ನೇ ನೋಡಿದರು. ಬರೆಯಲು ಅವರಿಗೆ ಮನಸ್ಸಿರಲಿಲ್ಲವೆಂದು ನನಗನ್ನಿಸಿತು. ಇದು ನಾನು ಆಮೇಲೆ ಸೇರಿಸಿದ್ದೂ ಇರಬಹುದು. ಬರೆದರು, ಅದಂತೂ ನಿಜ. ಬರೆದು, ಅಕ್ಕನತ್ತ ತಿರುಗಿ ಕೇಳಿದರು: "ಖರೇನ ಅಕ್ಕಾರ?"

ಇಲ್ಲ ಎನ್ನಬಹುದಿತ್ತು. ಎಂದರೆ ಕಾಕಾ ಸುಳ್ಳನಾಗುತ್ತಿದ್ದ, ಅಷ್ಟು ಜನರೆದುರು. ಅಕ್ಕ ಸೆರಗಿನ ತುದಿ ಸುತ್ತುತ್ತ, "ಅಡಚಣಿ ಇದ್ದಾಗ ಕೊಟ್ಟೇನ್ರಿ," ಎಂದಳು.

ತಿರುಗಿ ಬರುವಾಗ ಬಸ್‌ಸ್ಟ್ಯಾಂಡಿನಲ್ಲಿ ಕಾಕಾ ಕೇಳಿದ: "ಹ್ಯಾಂಗ ಹೇಳಿದೆ?"

"ಚಲೋ ಹೇಳಿದ್ರಿ ಕಾಕಾ," ಎಂದು ಅಕ್ಕ ಅವನಿಗೆ ಮಿರ್ಚಿ ಭಜಿ ಕೊಡಿಸಿದಳು. ಕಾಕಾ ಈಗಿಲ್ಲ. ಗಿರಿಜವ್ವನ ಗಿರಣಿ ಉಳಿದದ್ದು ತನ್ನ ಸಾಕ್ಷಿಯಿಂದ ಎಂದು ಕೊನೆಯವರೆಗೂ ಕಟ್ಟೆಯ ಮೇಲೆ ಕೂತು ಹೇಳುತ್ತಿದ್ದನಂತೆ. ಅಕ್ಕ ಒಂದು ದಿನವೂ ಅಲ್ಲವೆನ್ನಲಿಲ್ಲ.

ಆದೇಶ ಬಂತು. ಒಂದು ವರ್ಷ ಎಂದದ್ದು ಒಂದು ವರ್ಷವಾಗಿಯೇ ಉಳಿಯಿತು. ಮೇಲ್ಮನವಿಗೆ ಹೋಗಬೇಕಾದರೆ ಮೊದಲು ಅರ್ಧ ಕಟ್ಟಬೇಕು. ಆ ಅರ್ಧಕ್ಕಾಗಿಯೇ ಖಾರ ಕುಟ್ಟುವ ಯಂತ್ರ ಹೋದದ್ದು. ಕುಂದಗೋಳದ ಕಡೆಯವರು ಬಂದು ಒಯ್ದರು. ಅದನ್ನು ಕಿತ್ತ ಜಾಗದಲ್ಲಿ ನೆಲ ಕೆಂಪಗೆ ಉಳಿಯಿತು. ಅಕ್ಕ ಎಷ್ಟು ಸಲ ಸಾರಿಸಿದರೂ ಕೆಂಪು ಮತ್ತೆ ಮೇಲೆ ಬರುತ್ತಿತ್ತು, ತೊಳೆದ ನೀರು ತಾಗಿದರೆ ಕಾಲು ಉರಿಯುತ್ತಿತ್ತು.

ಮಳೆ ನಿಂತಿತು. ನನಗೆ ಧಾರವಾಡದಲ್ಲಿ ಕೆಲಸ ಸಿಕ್ಕಿತು. ಮೇಲ್ಮನವಿ ಹುಬ್ಬಳ್ಳಿಯಲ್ಲಿ ನಡೆಯಿತು. ನಡೆಯಿತು ಎನ್ನುವುದು ದೊಡ್ಡ ಮಾತು. ತಾರೀಖು ಬೀಳುತ್ತಿತ್ತು. ಅಕ್ಕ ಗಿರಣಿ ಬಂದ್ ಮಾಡಿ ಬುತ್ತಿ ಕಟ್ಟಿಕೊಂಡು ಬರುತ್ತಿದ್ದಳು, ನಾನು ಧಾರವಾಡದಿಂದ ಬರುತ್ತಿದ್ದೆ, ಇಬ್ಬರೂ ಕಾರಿಡಾರಿನ ಬೆಂಚಿನ ಮೇಲೆ ಕೂತು ಅರ್ಧ ರೊಟ್ಟಿ ತಿನ್ನುವ ಹೊತ್ತಿಗೆ ಮುಂದಿನ ತಾರೀಖು ಸಿಗುತ್ತಿತ್ತು. ಆ ವರ್ಷಗಳು ನನ್ನ ತಲೆಯಲ್ಲಿ ಒಂದೇ ದಿನವಾಗಿವೆ. ಒಂದು ಬೆಂಚು, ಶೇಂಗಾ ಚಟ್ನಿ, ಅಕ್ಕನ ಚಪ್ಪಲಿಗೆ ಮೆತ್ತಿದ ಹಿಟ್ಟು. ಕೊನೆಗೆ ಬಂದ ತೀರ್ಪಿನಲ್ಲಿ ಗಿರಣಿಯ ಸ್ವಂತ ಬಳಕೆಯನ್ನು ದಂಡಕ್ಕೆ ಸೇರಿಸಿದ್ದು ತಪ್ಪು ಎಂದರು. ಮಾಬೂಬಿಯ ಬಲ್ಬು, ಫ್ಯಾನು, ಹತ್ತದ ಟಿವಿ, ಅವು ಇಡೀ ವರ್ಷಕ್ಕೆ ಉಳಿದವು. ಕಟ್ಟಿದ್ದರಲ್ಲಿ ಸ್ವಲ್ಪ ಮುಂದಿನ ಬಿಲ್ಲುಗಳಿಗೆ ಜಮಾ ಆಯಿತು. ಇನ್ನು ಯಾರಿಗೂ ವೈರು ಕೊಡುವುದಿಲ್ಲವೆಂದು ಅಕ್ಕ ಬರೆದುಕೊಟ್ಟಳು. ಗೆದ್ದಿರೋ ಸೋತಿರೋ ಎಂದು ಕೇಳಿದವರಿಗೆ "ಮುಗೀತು" ಎನ್ನುತ್ತಿದ್ದಳು.

ಗಿರಣಿ ಉಳಿಯಿತು. ಹೋದದ್ದು ಬೇರೆ. ಯಂತ್ರ ಟ್ರ್ಯಾಕ್ಟರಿಗೆ ಏರಿದ ದಿನದಿಂದ ಮಾಬೂಬಿ ಅಕ್ಕನ ಗಿರಣಿಗೆ ಬರುವುದನ್ನು ಬಿಟ್ಟಳು. ಎದುರಿಗೇ ಗಿರಣಿ ಇದ್ದರೂ ಜೋಳದ ಡಬ್ಬಿ ಹೊತ್ತು, ಹಿತ್ತಲ ಕಡೆಯಿಂದ ಸುತ್ತು ಹಾಕಿ, ಬಸ್‌ಸ್ಟ್ಯಾಂಡಿನ ಹತ್ತಿರದ ಗಿರಣಿಗೆ ಹೋಗುತ್ತಿದ್ದಳು. ಗೋಡೆ ಕಟ್ಟಿ, ಮೀಟರು ಬಂದು, ಮನೆಗೆ ಬೆಳಕು ಬಂದ ಮೇಲೂ ಹಾಗೇ. ದಂಡ ಕಟ್ಟಿದ್ದಕ್ಕೆ ಒಂದು ಮಾತೂ ಆಡದ ಅಕ್ಕ ಇದಕ್ಕೆ ಕುದಿದಳು. "ನನ್ನ ಬಾಗಲಾ ಬಿಟ್ಟ ಹೋಗ್ತಾಳ ನೋಡು! ಆ ಗಿರಣ್ಯಾಗ ಹಿಟ್ಟ ರವಾ ರವಾ ಬೀಳತೈತಿ. ರೊಟ್ಟಿ ಹ್ಯಾಂಗ ಬಡೀತಾಳಂತ?"

ಒಮ್ಮೆ ಹಿತ್ತಲ ದಾರಿಯಲ್ಲಿ ಮಾಬೂಬಿಯನ್ನು ಹಿಡಿದು ನಿಲ್ಲಿಸಿ ಕೇಳಿದೆ.

"ಯಾವ ಮಾರಿ ಇಟಗೊಂಡ ಬರ್ಲಿ ತಂಗಿ?" ಎಂದಳು. "ಬಾಗಲದಾಗ ನಿಂತ್ರ ಆ ಖಾಲಿ ಜಾಗಾನ ಕಾಣತೈತಿ. ಆಕಿ ಏನರ ಬೈದಿದ್ರ ಬರತಿದ್ದೆ. ಬೈಲಿಲ್ಲ ನೋಡು."

ಹೀಗೆ ವರ್ಷಗಳು ಹೋದವು. ಈ ಸಲ ನಾನು ಬಂದು, ಸೆರಗು ಮೂಗಿಗೆ ಒತ್ತಿ, ಕೆಮ್ಮದೆ ಒಳಗೆ ಕಾಲಿಟ್ಟಾಗ ಕಲ್ಲಿನ ಪಕ್ಕ ಡಬ್ಬಿ ಹಿಡಿದು ಕೂತಿದ್ದವಳು ಮಾಬೂಬಿ. ಬಸ್‌ಸ್ಟ್ಯಾಂಡಿನ ಗಿರಣಿಯ ಮೋಟರು ಸುಟ್ಟಿತ್ತಂತೆ. ನಾನು ಬಂದ ದಿನವೇ ಅವಳೂ ಮೊದಲ ಸಲ ಬಂದಳು ಎಂದು ಬರೆದರೆ ಚೆನ್ನಾಗಿರುತ್ತದೆ. ಆದರೆ ಅಕ್ಕ ಹೇಳುವ ಪ್ರಕಾರ ಅವಳು ಅದಕ್ಕೂ ಮೊದಲು ಒಮ್ಮೆಯೋ ಎರಡು ಸಲವೋ ಬಂದು, ಡಬ್ಬಿ ಇಟ್ಟು, ಬೀಸಿದ ಮೇಲೆ ಒಯ್ಯುತ್ತೇನೆಂದು ನಿಲ್ಲದೆ ಹೋಗಿದ್ದಳು. ಆ ದಿನವೂ ಹೋಗುವವಳೇ ಇದ್ದಳು. ಅವಳ ಜೋಳ ಅರ್ಧ ಕಲ್ಲಿನೊಳಗೆ ಇಳಿದಿತ್ತು, ಅಷ್ಟರಲ್ಲಿ ಕರೆಂಟು ಹೋಯಿತು.

ಪಟ್ಟಾ ನಿಧಾನವಾಗಿ ನಿಂತಿತು. ಹಿಟ್ಟಿನ ಧೂಳು ಗಾಳಿಯಲ್ಲಿ ಹಾಗೇ ತೂಗಿತು. ಓಣಿಯ ಎರಡೂ ಬದಿ ಒಂದೇ ಸಲ ಸದ್ದಡಗಿತು.

"ಯಾವಾಗ ಬರತೈತಿ?" ಎಂದಳು ಮಾಬೂಬಿ.

"ಬಂದಾಗ ಬರತೈತಿ," ಎಂದಳು ಅಕ್ಕ. "ಕೂಡ. ಅರ್ಧಾ ಹಿಟ್ಟ, ಅರ್ಧಾ ಜ್ವಾಳ ಹೊತಗೊಂಡ ಹೋಗ್ತೀಯೇನು?"

ಅವಳು ಕೂತಳು. ಯಂತ್ರವಿದ್ದ ಖಾಲಿ ಜಾಗದಲ್ಲಿ ಈಗ ಗೋಣಿಚೀಲದ ಒಟ್ಟಿಲು ಇತ್ತು, ಅದರ ಮೇಲೆಯೇ ಕೂತಳು. ಬೇರೆ ಕಡೆ ಜಾಗವಿರಲಿಲ್ಲ. ಹೊರಗೆ ಅದೇ ಬೂದು ಮಳೆ. ಮಾತು ಬೇಕೆಂದು ನಾನು ಅದನ್ನೇ ಕೇಳಿದೆ, ಇಷ್ಟು ವರ್ಷ ಯಾರನ್ನು ಕೇಳಬೇಕೋ ಅವಳನ್ನು ಬಿಟ್ಟು ಎಲ್ಲರನ್ನೂ ಕೇಳಿದ್ದನ್ನು.

"ಮಾಬೂಬಕ್ಕಾ, ಆ ವರ್ಷ ನಾ ಬಸ್ಸಿಳಿದು ಬಂದ ದಿನ ಓಣಿ ಮೇಲೆ ಒಂದು ಕೆಂಪು ಬಟ್ಟೆ ಇತ್ತು. ಹಗ್ಗದ ಮೇಲಿತ್ತೋ, ವೈರಿನ ಮೇಲಿತ್ತೋ?"

ಅವಳು ಯೋಚಿಸಿದಳು. ಹಿಟ್ಟು ಹತ್ತಿದ ಬೆರಳಿನಿಂದ ಹಣೆ ಒರೆಸಿಕೊಂಡಳು.

"ಕೆಂಪಂದು ಅಂದ್ರ ನೂಲ ಇದ್ದೀತು. ಅರಿವಿ ಅಲ್ಲ. ಆದ್ರ ಮಳ್ಯಾಗ ನೂಲ ಯಾಕ ಹೊರಗ ಹಾಕಲಿ? ಹಗ್ಗಾನೋ, ವೈರೋ..." ಎಂದು ನಿಲ್ಲಿಸಿ, ಗಾಬರಿಯಿಂದ ನನ್ನ ಮುಖ ನೋಡಿದಳು. "ಯಾಕ? ಇನ್ನೂ ಕೇಸ್ ನಡದೈತೇನು?"

ಅಕ್ಕ ನಕ್ಕಳು. ಮೊದಲು ಮೂಗಿನಲ್ಲಿ, ಆಮೇಲೆ ಬಾಯಿ ಬಿಟ್ಟು. ಮಾಬೂಬಿಗೂ ನಗು ಬಂತು, ಆದರೆ ಅವಳು ನಗುವುದೋ ಬೇಡವೋ ಎಂದು ಅಕ್ಕನ ಮುಖ ನೋಡಿಕೊಂಡು ನಕ್ಕಳು.

"ನಡದೈತಿ ತಗೋ," ಎಂದಳು ಅಕ್ಕ ಕಣ್ಣು ಒರೆಸುತ್ತ. "ಈಕೀ ತಲ್ಯಾಗ ನಡದೈತಿ. ಮುಂದಿನ ತಾರೀಖ ಕೊಟ್ಟ ಕಳಸು."

ಅಷ್ಟರಲ್ಲಿ ಕರೆಂಟು ಬಂತು. ಗಿರಣಿಯ ಬಲ್ಬು ಹತ್ತಿತು, ಓಣಿಯ ಆಚೆ ಮಾಬೂಬಿಯ ಮನೆಯ ಬಲ್ಬೂ ಹತ್ತಿತು. ಮಾಬೂಬಿ ತಟ್ಟನೆ ಎದ್ದು, ಡಬ್ಬಿ ಬಿಟ್ಟು, ಸೆರಗು ಸರಿಮಾಡಿಕೊಂಡು ಬಾಗಿಲ ಕಡೆ ಹೊರಟಳು. "ನೀ ಬೀಸಿಡು, ಆಮ್ಯಾಲೆ ಒಯ್ತೇನಿ."

ಅಕ್ಕ ಸ್ವಿಚ್ಚಿನ ಮೇಲೆ ಕೈಯಿಟ್ಟವಳು ಹಾಗೇ ನಿಂತಳು. ಒತ್ತಲಿಲ್ಲ.

"ನೀ ಮೊದಲ ಕೂಡ," ಎಂದಳು. "ಆಮ್ಯಾಲೆ ಚಾಲೂ ಮಾಡ್ತೇನಿ."